ಡಾಲ್ಫಿನ್ ದೋಣಿಯಲ್ಲಿ ಧರಣಿ

ಈಸು ಬಾರದ ಮಂದಿಯನ್ನು ಡಾಲ್ಫಿನ್ ತೋರಿಸುತ್ತೇವೆಂದು ಸಮುದ್ರದೊಳಕ್ಕೆ ಒಯ್ದರು. ಒಬ್ಬರ ಮೈಮೇಲೂ ಲೈಫ್ ಜಾಕೆಟ್ ಹಾಕಲಿಲ್ಲ. ಜಾಕೆಟ್ ಇರಲಿಲ್ಲವೇ ಎಂದರೆ, ಇದ್ದವು. ದೋಣಿಯ ಹಿಂಬದಿಯಲ್ಲಿ ತಾಡಪತ್ರಿ ಸುತ್ತಿ, ನೈಲಾನ್ ಹಗ್ಗದಿಂದ ಬಿಗಿದು ಗಂಟು ಕಟ್ಟಿಟ್ಟಿದ್ದರು. ಇದಕ್ಕೆ ನಿರ್ಲಕ್ಷ್ಯ ಎನ್ನುವ ಮೆತ್ತನೆಯ ಶಬ್ದ ನಾನು ಬಳಸುವುದಿಲ್ಲ. ಇದು ತಪ್ಪು. ಗೊತ್ತಿದ್ದೇ ಮಾಡಿದ ತಪ್ಪು.

ಇಂಥದ್ದು ನಮಗೆ ಮೇಲಿಂದ ಮೇಲೆ ಆಗುತ್ತದೆ. ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ, ಚಿಂಚೋಳಿ, ಎಲ್ಲಿ ಹೋದರೂ ನಮ್ಮ ಜೀವ ಕಾಯುವ ಸಾಮಾನನ್ನು ನಮ್ಮ ಕೈಗೆ ಸಿಗದಂತೆ ಜೋಪಾನ ಮಾಡಿ ಇಡುತ್ತಾರೆ. ಬೆಂಕಿ ಆರಿಸುವ ಡಬ್ಬಿಗೆ ಬೀಗ, ಔಷಧದ ಪೆಟ್ಟಿಗೆಗೆ ಬೀಗ, ಕೀಲಿ ಮಾತ್ರ ರಜೆಯ ಮೇಲೆ ಹೋದವನ ಕಿಸೆಯಲ್ಲಿ. ನಾನು ಏಳನೇ ಇಯತ್ತೆಗೆ ಸಾಲಿ ಬಿಟ್ಟವನು. ಕಾನೂನು ಓದಿದ್ದು ಚಹಾದಂಗಡಿಯ ಪೇಪರಿನಲ್ಲಿ, ಬಜಿ ಕಟ್ಟಿಕೊಟ್ಟ ಹಾಳೆಯಲ್ಲಿ. ಅಷ್ಟು ಓದಿಗೇ ನನಗೆ ಇಷ್ಟು ಸಿಟ್ಟು ಬರುತ್ತದೆ. ಪೂರ್ತಿ ಓದಿದವರು ಹೇಗೆ ಸುಮ್ಮನೆ ಕೂಡುತ್ತಾರೋ ತಿಳಿಯದು.

ಮೂಗುಪಟ್ಟಿ

ಮೊದಲು ನಮ್ಮ ಊರಿನದೇ ಹೇಳಿಬಿಡುತ್ತೇನೆ. ಇಲ್ಲದಿದ್ದರೆ ಕರಾವಳಿಯವರನ್ನಷ್ಟೇ ಬೈದೆ ಎಂದಾರು.

ಶಹಾಬಾದದಲ್ಲಿ ನಾನು ಕಲ್ಲು ಕೊಯ್ಯುವ ಒಂದು ಕಾರ್ಖಾನೆಯಲ್ಲಿ ದುಡಿಯುತ್ತಿದ್ದೆ. ಮಧ್ಯಾಹ್ನ ಬುತ್ತಿ ಬಿಚ್ಚಿದರೆ ಪಲ್ಯಕ್ಕಿಂತ ಮೊದಲು ರೊಟ್ಟಿಯ ಮೇಲೆ ಕಲ್ಲಿನ ಧೂಳು ಕೂಡುತ್ತಿತ್ತು. ಮಾಲೀಕ ಧೂಳಿಗೆಂದು ಮೂಗುಪಟ್ಟಿ ತಂದಿದ್ದ, ಇಲ್ಲವೆನ್ನಲಾರೆ. ಅವು ಕಪಾಟಿನಲ್ಲಿ ಇರುತ್ತಿದ್ದವು. ತಪಾಸಣೆಯ ಸಾಹೇಬರ ಜೀಪು ಗೇಟಿಗೆ ಬಂದರೆ ಅವು ನಮ್ಮ ಮೂಗಿಗೆ ಬರುತ್ತಿದ್ದವು. ಜೀಪು ತಿರುಗಿದ ಕೂಡಲೇ ಮತ್ತೆ ಕಪಾಟಿಗೆ. ಧೂಳು ಕಪಾಟಿನೊಳಗೇ ಜಾಸ್ತಿ ಇತ್ತೋ ಏನೋ.

ಒಮ್ಮೆ ಸಾಹೇಬರು ನಮ್ಮ ಮೇಸ್ತ್ರಿಯನ್ನು ಕೇಳಿದರು, ‘ಏನಪ್ಪಾ, ಇದನ್ನ ತಪ್ಪದೆ ಹಾಕ್ಕೊಳ್ತೀರಾ?’

ಮೇಸ್ತ್ರಿ ಸುಳ್ಳು ಹೇಳುವವನಲ್ಲ. ‘ತಪ್ಪಿಸಿಲ್ರಿ ಸಾಬ್. ನೀವು ಬಂದಾಗೊಮ್ಮೆ ಹಾಕ್ಕೋತೀವಿ.’

ಸಾಹೇಬರು ಶಭಾಷ್ ಎಂದು ಬೆನ್ನು ಚಪ್ಪರಿಸಿದರು. ಎದ್ದ ಧೂಳಿಗೆ ಅವರಿಗೇ ಸೀನು ಬಂತು.

ಹತ್ತಿದ ಮೇಲೆ ಕೊಡ್ತೇವೆ

ಇಂಥ ತರಬೇತಿ ಪಡೆದ ನಾವು ಕರಾವಳಿಗೆ ಪ್ರವಾಸ ಹೊರಟೆವು. ಅದೇ ಮೇಸ್ತ್ರಿ, ವಾಡಿಯಲ್ಲಿ ಮನೆ ಕಟ್ಟಿಕೊಂಡಿರುವ ನಿವೃತ್ತ ರೈಲ್ವೆ ಗಾರ್ಡ್ ಸಾಹೇಬರು, ಸೇಡಂನ ಮಾಸ್ತರರು, ಚಿತ್ತಾಪುರದ ಬೀಗರ ಮಂದಿ, ಮತ್ತು ಚಿಂಚೋಳಿಯಿಂದ ನನ್ನ ಅಕ್ಕ.

ಅಕ್ಕ ಹಳ್ಳಿ ತಿರುಗುವ ಆಶಾ ಕಾರ್ಯಕರ್ತೆ. ಬಸುರಿ ಬಾಣಂತಿಯರ ವಿಷಯದಲ್ಲಿ ಡಾಕ್ಟರಿಗೂ ಜಗ್ಗುವವಳಲ್ಲ. ಆದರೆ ಮೊಣಕಾಲಿಗಿಂತ ಮೇಲೆ ನೀರು ಬಂದರೆ ಕಣ್ಣು ಮುಚ್ಚುವವಳು. ಮೊಮ್ಮಗಳ ನೀರಿನ ಬಾಟಲಿಯ ಮೇಲೆ ಡಾಲ್ಫಿನ್ ಚಿತ್ರವಿದೆ. ಅದನ್ನು ಜೀವಂತ ನೋಡಿ ಬಂದು ಹೇಳುತ್ತೇನೆಂದು ಮಾತು ಕೊಟ್ಟಿದ್ದಕ್ಕೇ ಬಂದಿದ್ದಳು. ಬರುವಾಗ ಒಂದೇ ಷರತ್ತು ಹಾಕಿದ್ದಳು: ‘ತಮ್ಮಾ, ಆ ತೇಲೋ ಅಂಗಿ ಹಾಕಿದ್ರ ಅಷ್ಟೇ ನಾ ದೋಣಿ ಹತ್ತಾಕಿ.’ ಹಾಕಿಸುವ ಜವಾಬ್ದಾರಿ ನನ್ನದು ಎಂದಿದ್ದೆ.

ದಂಡೆಯಲ್ಲಿ ಉರಿಬಿಸಿಲಿಗೆ ನೀಲಿ ಜರ್ಕಿನ್ ತೊಟ್ಟು ನಿಂತಿದ್ದ ಗೈಡನನ್ನು ಕೇಳಿದೆ, ‘ಜಾಕೆಟ್ ಎಲ್ಲಿ?’

‘ಹತ್ತಿದ ಮೇಲೆ ಕೊಡ್ತೇವೆ ಮಾರಾಯ್ರೆ.’

ಅದನ್ನು ನಂಬಿ ಅಕ್ಕನ ಸಮೇತ ಹತ್ತಿದೆವು. ಕೇಳಿದೆ. ‘ಹೊರಟ ಮೇಲೆ ಕೊಡ್ತೇವೆ.’

ಹೊರಟೆವು. ಕೇಳಿದೆ. ‘ಅಲೆ ಬಂದ್ರೆ ಕೊಡ್ತೇವೆ. ಇವತ್ತು ಸಮುದ್ರ ಎಷ್ಟು ಶಾಂತ ಇದೆ ನೋಡಿ.’

ಚುನಾವಣೆಗೆ ನಿಂತರೆ ಈ ಗೈಡ್ ಎಲ್ಲಿಂದಲಾದರೂ ಆರಿಸಿ ಬರುತ್ತಾನೆ.

‘ಆ ಗಂಟು ಈಗಲೇ ಬಿಚ್ಚಿದರೆ ಏನಾಗುತ್ತದೆ?’ ಎಂದೆ.

‘ಬಿಚ್ಚಿದ್ರೆ ಮತ್ತೆ ಕಟ್ಟೋದು ಭಾರಿ ಕಷ್ಟ ಮಾರಾಯ್ರೆ. ಚೆಕಿಂಗ್‌ನವರು ಬಂದ್ರೆ ಬಿಚ್ತೇವೆ.’

‘ಮುಳುಗಿದ್ರ?’ ಎಂದಳು ಅಕ್ಕ.

‘ಮುಳುಗಿದ್ರೂ ಬಿಚ್ತೇವೆ.’

ಅಕ್ಕ ನನ್ನ ತೋಳು ಹಿಡಿದಿದ್ದಳು. ಉಗುರು ಒಳಗೆ ಇಳಿಯುತ್ತಿತ್ತು. ‘ಭಾಳ ಉಪಕಾರ ಆಯ್ತಪ್ಪ,’ ಎಂದಳು. ‘ನೀ ಬಿಚ್ಚಿ ಒಗೆಯೋತನ ನಾ ತಳದಾಗ ಕುಂತು ಕಾಯ್ತಿರ್ತೀನಿ.’

ಸಿಗ್ನಲ್ ಇಲ್ಲ

ಡಾಲ್ಫಿನ್ ಎಷ್ಟು ಗಂಟೆಗೆ ಬರುತ್ತದೆ ಎಂಬುದು ಗಾರ್ಡ್ ಸಾಹೇಬರ ಮೊದಲ ಪ್ರಶ್ನೆ. ಹುಟ್ಟಿದ ಮಗುವಿಗೂ ಇವರು ರೈಟ್ ಟೈಮೋ ಲೇಟೋ ಎಂದು ಕೇಳುತ್ತಾರೆ.

‘ಅದಕ್ಕೆ ಟೈಮ್ ಇಲ್ಲ ಸಾರ್. ಬಂದ್ರೆ ಬಂದ್ವು,’ ಎಂದ ಗೈಡ್.

‘ಎಲ್ಲಿ ಬರ್ತಾವ?’

‘ಹೇಳ್ಲಿಕ್ಕೆ ಬರೋದಿಲ್ಲ.’

‘ಬರದಿದ್ರ?’

‘ಅದು ನಿಮ್ಮ ಅದೃಷ್ಟ ಸಾರ್.’

ಗಾರ್ಡ್ ಸಾಹೇಬರು ನಮ್ಮ ಕಡೆ ತಿರುಗಿದರು. ‘ಮೂವತ್ತು ವರ್ಷ ನಾ ಇದನ್ನ ಪ್ಯಾಸೆಂಜರ್ ಮಂದಿಗೆ ಹೇಳ್ದೆ. ಇವತ್ತು ತಿಳೀತು ನೋಡ್ರಿ, ಅವರು ನನಗ ಯಾಕ ಹಂಗ ಬೈತಿದ್ರು ಅಂತ.’

ಗೈಡ್ ಮಾತ್ರ ಬಿಡಲಿಲ್ಲ. ತೇಲಿ ಬಂದ ತೆಂಗಿನ ಗರಿ ತೋರಿಸಿ ‘ಅಲ್ಲಿ ನೋಡಿ’ ಎಂದ. ಕರಿ ಬಂಡೆ ತೋರಿಸಿ ‘ಇಲ್ಲಿ ನೋಡಿ’ ಎಂದ. ಬಂಡೆಯನ್ನು ಕಂಡು ಮೇಸ್ತ್ರಿಗೆ ಸಿಟ್ಟು ಬಂತು. ‘ಅರೇ ಭಾಯಿ, ಶಹಾಬಾದದಿಂದ ಇಷ್ಟು ದೂರ ನಮಗ ಕಲ್ಲು ತೋರಸ್ಲಿಕ್ಕ ಕರ್ಕೊಂಡು ಬಂದಿಯೇನು?’

ಬಾಣಂತಿ

ಬೇಸರ ಕಳೆಯಲು ಮಾಸ್ತರರು ಪಾಠ ಶುರು ಮಾಡಿದರು. ಡಾಲ್ಫಿನ್ ಮೀನಲ್ಲ, ಸಸ್ತನಿ. ಮರಿ ಹಾಕುತ್ತದೆ, ಹಾಲು ಕುಡಿಸುತ್ತದೆ.

ಅಕ್ಕ ಭಯ ಮರೆತು ಎದ್ದು ಕೂತಳು. ‘ಹಾಲು ಕುಡಸ್ತದಂದ್ರ ಬಾಣಂತನ ಅದ ಅಂದಂಗಾಯ್ತಲ್ರೀ ಮಾಸ್ತರ?’

‘ಹೌದ್ರಿ ಅಕ್ಕಾರ, ಒಂಥರಾ ಬಾಣಂತನೇ.’

ಅಕ್ಕ ಗೈಡನ ಕಡೆ ತಿರುಗಿದಳು. ಹಳ್ಳಿಯಲ್ಲಿ ಬಾಣಂತಿಯರ ಅತ್ತೆಯಂದಿರ ಕಡೆ ತಿರುಗುವ ಹಾಗೆಯೇ. ‘ಅಲ್ಲೋ ಯಪ್ಪಾ, ಬಾಣಂತಿ ಇದ್ದಲ್ಲಿ ಇಷ್ಟು ಡಬಡಬ ಇಂಜಿನ್ ಹಚ್ಕೊಂಡು ಬಂದು ಚೀರ್ತೀಯಲ್ಲ, ನಿನಗೇನು ಅವ್ವ ಅಕ್ಕ ಇಲ್ಲೇನು? ಬಂದ್ ಮಾಡು ಅದನ್ನ.’

ದೋಣಿಯವ ಪಾಪ, ಹೆದರಿ ನಿಜವಾಗಿಯೂ ಇಂಜಿನ್ ನಿಲ್ಲಿಸಿದ. ಗೈಡ್ ದನಿ ತಗ್ಗಿಸಿ ಕೇಳಿದ, ‘ಅಮ್ಮಾ, ಎಷ್ಟು ಹೊತ್ತು?’

‘ನಮ್ಮ ಕಡಿ ಆದ್ರ ಮೂರು ತಿಂಗಳು,’ ಎಂದಳು ಅಕ್ಕ.

ಫರ್ಸಿ ಲೋಡು

ಇಂಜಿನ್ ನಿಂತ ಸ್ವಲ್ಪ ಹೊತ್ತಿಗೆ ಡಾಲ್ಫಿನ್ ಬಂತು. ಸುಳ್ಳಲ್ಲ. ಬಲಗಡೆ ನೀರು ಸೀಳಿ ಕಪ್ಪು ಬೆನ್ನೊಂದು ಎದ್ದಿತು. ಬೀಗರ ಮಂದಿ ‘ಯಪ್ಪಾ, ಬಂತು!’ ಎಂದು ಎಲ್ಲರೂ ಬಲಕ್ಕೆ ನುಗ್ಗಿದರು. ದೋಣಿಯೂ ಬಲಕ್ಕೆ ವಾಲಿತು. ಒಂದು ಅಲೆ ಒಳಗೆ ಬಂದು ಅಕ್ಕನ ಸೀರೆಯನ್ನು ಮೊಣಕಾಲಿನವರೆಗೆ ತೋಯಿಸಿತು. ಆಕೆ ಕಣ್ಣು ಮುಚ್ಚಿದಳು. ಯಾವುದನ್ನು ನೋಡಲು ಬಂದಿದ್ದಳೋ ಅದು ಎದುರಿಗೇ ಹಾರುತ್ತಿತ್ತು.

‘ಕೂತ್ಕೊಳ್ಳಿ, ಕೂತ್ಕೊಳ್ಳಿ!’ ಎಂದು ದೋಣಿಯವ ಅರಚಿದ. ನಮ್ಮವರು ಯಾರ ಮಾತಿಗೆ ಕೂತಿದ್ದಾರೆ?

ಆಗ ಮೇಸ್ತ್ರಿ ಅಧಿಕಾರ ಕೈಗೆ ತಗೊಂಡ. ಲಾರಿಗೆ ಫರ್ಸಿ, ಅಂದರೆ ನೆಲಕ್ಕೆ ಹಾಸುವ ಚಪ್ಪಡಿ ಕಲ್ಲು, ತುಂಬಿಸುವುದರಲ್ಲಿ ಅವನ ಕೈ ಪಳಗಿದ್ದು. ನಡುವೆ ಆಸರೆ ಇಟ್ಟು, ಅರ್ಧ ಈ ಕಡೆ, ಅರ್ಧ ಆ ಕಡೆ, ಬೆನ್ನಿಗೆ ಬೆನ್ನು ಹಚ್ಚಿ ಕಲ್ಲು ನಿಲ್ಲಿಸಿದರೆ ಎಂಥ ತಗ್ಗಿನಲ್ಲೂ ಲಾರಿ ವಾಲುವುದಿಲ್ಲ. ಅದೇ ಲೆಕ್ಕ ಇಲ್ಲಿಯೂ ಹಾಕಿದ. ‘ದಪ್ಪನವರು ನಡಕ್ಕ ಬರ್ರಿ! ತೆಳ್ಳನವರು ಅಂಚಿಗೆ! ಬೆನ್ನಿಗೆ ಬೆನ್ನು ಹಚ್ರಿ! ಏ ಬೀಗರ, ನೀವು ಎರಡು ಇಂಚಿನ ಕಲ್ಲು, ಆ ಕಡಿ ಹೋಗ್ರಿ!’ ಹೆಗಲು ಹಿಡಿದು ಒಬ್ಬೊಬ್ಬರನ್ನೇ ಜೋಡಿಸಿಬಿಟ್ಟ. ದೋಣಿ ನೆಟ್ಟಗಾಯಿತು, ಒಪ್ಪಬೇಕು.

ಆದರೆ ಅರ್ಧ ಮಂದಿಗೆ ಡಾಲ್ಫಿನ್ ಇದ್ದ ಕಡೆ ಬೆನ್ನಾಗಿತ್ತು. ಗಾರ್ಡ್ ಸಾಹೇಬರು ಎಡಕ್ಕೆ ಲೋಡ್ ಆಗಿದ್ದರು. ಕತ್ತು ತಿರುಗಿಸುವಷ್ಟರಲ್ಲಿ ಬಾಲ ಮಾತ್ರ ಉಳಿದಿತ್ತು.

‘ಗಾಡಿ ಹೋಯ್ತು,’ ಎಂದರು. ‘ನನಗ ಹಿಂದಿನ ಗಾರ್ಡ್ ಡಬ್ಬಿ ಅಷ್ಟೇ ಕಂಡ್ತು.’

ಧರಣಿ

ಅಕ್ಕ ಇನ್ನೂ ಕಣ್ಣು ತೆರೆದಿರಲಿಲ್ಲ. ಇನ್ನು ಸಾಕು ಎನಿಸಿತು. ‘ಜಾಕೆಟ್ ಕೊಡೋತನ ಧರಣಿ!’ ಎಂದು ಕೂಗಿದೆ. ನನಗೆ ಗೊತ್ತಿರುವ ಹತಾರ ಅದೊಂದೇ. ನಮ್ಮವರಿಗೆ ಧರಣಿ ಎಂದರೆ ಕಲಿಸಬೇಕಾಗಿಲ್ಲ. ಎಲ್ಲರೂ ಚಕ್ಕಳಮಕ್ಕಳ ಹಾಕಿ ಗಟ್ಟಿಯಾಗಿ ಕೂತರು. ‘ಬೇಕೇ ಬೇಕು! ಜಾಕೆಟ್ ಬೇಕು!’ ಘೋಷಣೆಗೆ ಕಡಲಕಾಗೆಗಳು ಎದ್ದು ಹಾರಿದವು.

ದೋಣಿಯವ ನಮ್ಮನ್ನು ನೋಡಿ ಕೈ ಮುಗಿದ. ‘ದೇವರು ಒಳ್ಳೇದು ಮಾಡ್ಲಿ. ಆಗಿಂದ ಇದನ್ನೇ ಹೇಳ್ತಿದ್ದೆ. ಹೀಗೇ ಕೂತಿರಿ, ಏಳ್ಬೇಡಿ.’ ಎಂದವನೇ ಇಂಜಿನ್ ಹಚ್ಚಿದ.

ಎಷ್ಟೋ ಧರಣಿ ಮಾಡಿದ್ದೇನೆ. ಪೊಲೀಸರು ಎತ್ತಿ ಒಯ್ದಿದ್ದಾರೆ, ಮಾಲೀಕರು ಬೈದಿದ್ದಾರೆ. ಎದುರಿನವನೇ ಆಶೀರ್ವಾದ ಮಾಡಿ ಮುಂದುವರಿಸಿ ಎಂದ ಧರಣಿ ಇದೊಂದೇ.

ಮಾಸ್ತರರು ಪಿಸುಗುಟ್ಟಿದರು, ‘ಲೀಡರ್, ಇದು ಅವರಿಗೇ ಅನುಕೂಲ ಆಗ್ಲಿಕತ್ತದ.’

ಅಷ್ಟರಲ್ಲಿ ಅಕ್ಕ ಕಣ್ಣು ತೆರೆದಳು. ದೋಣಿಯ ನೆರಳಿನ ಚಪ್ಪರದ ಕಂಬ ಹಿಡಿದು ಎದ್ದು ನಿಂತಳು.

‘ಅಕ್ಕಾ, ಕುಂದ್ರ ಬೇ, ಕೈ ಮುಗಿತೀನಿ,’ ಎಂದೆ.

‘ಸುಮ್ಕಿರು ತಮ್ಮಾ. ನಾವು ಕುಂತ್ರ ಇವರಿಗಿ ಆರಾಮ. ನಾ ನಿಂದರ್ತೀನಿ. ಹೆಂಗೂ ಮುಳುಗೋದೈತಂದ್ರ ಕುಂತು ಯಾಕ ಮುಳುಗಬೇಕು?’

ಅವಳ ಹಿಂದೆ ಮೇಸ್ತ್ರಿ ಎದ್ದ. ಬೀಗರು ಎದ್ದರು. ತಮ್ಮದು ಲೇಟ್ ಆಯಿತೆಂದು ಗಾರ್ಡ್ ಸಾಹೇಬರೂ ಎದ್ದರು. ಲೋಡ್ ಪೂರ್ತಿ ಬಿಚ್ಚಿಹೋಯಿತು. ದೋಣಿ ಒಮ್ಮೆ ಆ ಕಡೆ, ಒಮ್ಮೆ ಈ ಕಡೆ ತೂಗತೊಡಗಿತು. ನಮ್ಮ ಯಾರಿಗಿಂತಲೂ ಮೊದಲು ಬಾಯಿ ಬಡಿದುಕೊಂಡವನು ಗೈಡ್. ಓಡಿ ಬಂದು ಮೇಸ್ತ್ರಿಯ ಕೊರಳಿಗೆ ಜೋತುಬಿದ್ದ. ಜಗ್ಗಾಟದಲ್ಲಿ ಅವನ ನೀಲಿ ಜರ್ಕಿನ್ನಿನ ಜಿಪ್ಪು ಸರ್ರೆಂದು ಹೊಕ್ಕುಳವರೆಗೆ ಇಳಿಯಿತು.

ಒಳಗೆ ಕಿತ್ತಳೆ ಬಣ್ಣದ ಲೈಫ್ ಜಾಕೆಟ್. ಮೂರೂ ಬಕಲ್ ಬಿಗಿಯಾಗಿ ಹಾಕಿದ್ದು. ಕೊರಳಲ್ಲಿ ಸೀಟಿ ಸಹ ಇತ್ತು. ಆ ಉರಿಬಿಸಿಲಿನಲ್ಲಿ ಈ ಮಹಾಶಯ ಜರ್ಕಿನ್ ಯಾಕೆ ತೊಟ್ಟಿದ್ದ ಎಂಬುದು ಎಲ್ಲರಿಗೂ ಒಟ್ಟಿಗೇ ತಿಳಿಯಿತು. ಘೋಷಣೆ ನಿಂತಿತು. ಇಂಜಿನ್ನೂ ನಿಂತಿತು.

‘ಏನೋ ಇದು?’ ಎಂದೆ.

ಗೈಡನ ಬಾಯಲ್ಲಿದ್ದ ಕರಾವಳಿಯ ‘ಮಾರಾಯ್ರೆ’ ಎಲ್ಲ ಸಮುದ್ರದ ಪಾಲಾಗಿತ್ತು. ‘ನನಗ ಈಸು ಬರಂಗಿಲ್ರೀ ಯಣ್ಣಾ,’ ಎಂದು ಅತ್ತುಬಿಟ್ಟ. ‘ನಾ ಇಲ್ಲಿಯಾಂವ ಅಲ್ರೀ. ನಾ ಗದಗ ಕಡಿಯಾಂವ. ನೀರು ಕಂಡ್ರ ನನಗ ಭಾಳ ಅಂಜಿಕಿ.’

ಹೊಡೆಯಲು ಎತ್ತಿದ ಮೇಸ್ತ್ರಿಯ ಕೈಯನ್ನು ಅಕ್ಕ ಹಿಡಿದಳು. ಗೈಡನ ಜಿಪ್ಪನ್ನು ತಾನೇ ಮೇಲಕ್ಕೆ ಎಳೆದಳು. ‘ನೀ ತಗೀಬ್ಯಾಡಪ್ಪ, ಹಾಕ್ಕೊಂಡೇ ಇರು. ನಿಮ್ಮವ್ವಗ ನೀ ಬೇಕಾಗಿದಿ. ನನ್ನ ಮೊಮ್ಮಗಳಿಗಿ ನಾ ಬೇಕಾಗೀನಿ. ಗಂಟು ಬಿಚ್ಚು.’

ಉಪ್ಪುನೀರಿಗೆ ಹಗ್ಗ ಕಲ್ಲಾಗಿತ್ತು. ಬಿಚ್ಚಲು ಬರಲಿಲ್ಲ. ಕೊನೆಗೆ ದೋಣಿಯವ ಮೀನಿನ ಚೂರಿಯಿಂದ ಕೊಯ್ದ ಮೇಲೆಯೇ ಜಾಕೆಟ್ ನಮ್ಮ ಮೈಮೇಲೆ ಬಂತು. ಅಂದರೆ, ನಿಜವಾಗಿ ಮುಳುಗಿದ್ದರೆ ಗಂಟು ಬಿಚ್ಚುವ ಮೊದಲೇ ನಾವು ತಳ ಸೇರುತ್ತಿದ್ದೆವು.

ಈಗ ನಿಮಗೆ ಹೇಳುತ್ತೇನೆ, ಕೇಳಿರಿ. ನಡುನೀರಿನಲ್ಲಿ ಎದ್ದು ನಿಲ್ಲುವ ಹುಚ್ಚುತನ ನಮಗೇ ಸಾಕು, ನಿಮಗೆ ಬೇಡ. ನೀವು ದಂಡೆಯ ಮೇಲೆಯೇ ನಿಲ್ಲಿರಿ. ಹತ್ತಿದ ಮೇಲೆ ಕೊಡುತ್ತೇವೆ ಎಂದರೆ ಹತ್ತಲೇಬೇಡಿರಿ. ನಿಮ್ಮ ಮೈಮೇಲೆ, ನಿಮ್ಮ ಹಿರಿಯರ ಮೈಮೇಲೆ, ಮಕ್ಕಳ ಮೈಮೇಲೆ ಬಕಲ್ ಟಕ್ ಎನ್ನುವ ತನಕ ಮರಳಿನಿಂದ ಕಾಲು ಕೀಳಬೇಡಿರಿ. ಹಿಂದಿನವರು ಅವಸರ ಮಾಡಿದರೆ ಅವರನ್ನೂ ನಿಮ್ಮ ಜೊತೆ ನಿಲ್ಲಿಸಿಕೊಳ್ಳಿರಿ. ಗೈಡ್ ಬಿಸಿಲಿನಲ್ಲಿ ಜರ್ಕಿನ್ ತೊಟ್ಟು ಬಂದು ಸಮುದ್ರ ಶಾಂತ ಇದೆ ಎಂದರೆ, ಮರುಮಾತಾಡದೆ ಮೊದಲು ಅವನ ಜಿಪ್ಪು ಇಳಿಸಿರಿ.