ಲಿಫ್ಟಿನೊಳಗಿನ ಮೇಕೆಮರಿ

ಎತ್ತರದ ಹಿಮ್ಮಡಿಯ ಹೊಸ ಬೂಟು ಹಾಕಿಕೊಂಡು ಮೆಟ್ಟಿಲಿಳಿಯಲು ಹೆದರಿ ರಿಮ್ಮಾ ಅರ್ಕಾದ್ಯೇವ್ನಾ ಅಂದು ಲಿಫ್ಟು ಹತ್ತಿದಳು. ಅವಳ ಮಹಡಿ ದಾಟಿ ಮಾರುದೂರ ಇಳಿದದ್ದೇ, ಅದು ಮೊಂಡುಬಿದ್ದ ಕತ್ತೆಯಂತೆ ನಿಂತೇಬಿಟ್ಟಿತು.

ನಿಲ್ಲಬಾರದ ದಿನವೇ ನಿಂತಿತ್ತು. ಎಷ್ಟೋ ವರ್ಷಗಳ ಮೇಲೆ ಮಾಸ್ಕೋದ ಸ್ಟುಡಿಯೊ ಒಂದರಿಂದ ಕರೆ ಬಂದಿತ್ತು. ಕಿಟಕಿಯ ಬಳಿ ಕೂತ ವಿಧವೆಯ ಪಾತ್ರ; ಒಂದೂ ಮಾತಿಲ್ಲ, ಬರೀ ಮುಖ. ಮಧ್ಯಾಹ್ನದೊಳಗೆ ಬರದಿದ್ದರೆ ಬೇರೆಯವರಿಗೆ. ಇದನ್ನು ಅವಳು ಯಾರಿಗೂ ಹೇಳಿರಲಿಲ್ಲ. ಹೇಳಿಕೊಳ್ಳಲು ಯಾರೂ ಇರಲಿಲ್ಲ. ಯೌವನದಲ್ಲಿ ಕಾರ್ಟೂನಿನ ಮೇಕೆಮರಿಯೊಂದಕ್ಕೆ ದನಿ ಕೊಟ್ಟಿದ್ದಳು. ದೇಶವೆಲ್ಲ ಆ ಮರಿಯನ್ನು ಮುದ್ದಾಡಿತು; ಅವಳು ಬೀದಿಯಲ್ಲಿ ನಡೆದರೆ ಒಬ್ಬರೂ ತಿರುಗಿ ನೋಡುತ್ತಿರಲಿಲ್ಲ.

ಕೆಂಪು ಗುಂಡಿ ಒತ್ತಿದಳು. "ಹಲೋ, ಲಿಫ್ಟಲ್ಲಿ ಸಿಕ್ಕಿಹಾಕಿಕೊಂಡಿದ್ದೀನಿ!"

ಸ್ಪೀಕರಿನಲ್ಲಿ ಲಿಫ್ಟು ಕಚೇರಿಯ ಹೆಂಗಸು ಕಿಸಕ್ಕನೆ ನಕ್ಕಳು. "ಅಯ್ಯೋ, ಥೇಟ್ ಆ ಮೇಕೆಮರಿ ದನಿ! ಯಾರ್ರೀ ಅದು ತಮಾಷೆ ಮಾಡೋದು?"

"ತಮಾಷೆಯಲ್ಲ ತಾಯಿ, ಆ ಮರಿ ನಾನೇ!"

"ಹಾಗಾದ್ರೆ ಒಂದ್ಸಲ 'ಮೇ' ಅನ್ನಿ ನೋಡೋಣ."

ವಿಧಿಯಿಲ್ಲದೆ ರಿಮ್ಮಾ 'ಮೇ' ಎಂದಳು. ಮೆಕ್ಯಾನಿಕ್ ಬರುವುದು ಖಾತ್ರಿಯಾಯಿತು. ಆದರೆ ಆ 'ಮೇ' ಮಹಡಿಮಹಡಿಗೂ ಮೊಳಗಿತ್ತು.

ಮೊದಲು ಓಡಿಬಂದವಳು ಎದುರುಮನೆಯ ಜೋಯಾ ಪಹೋಮೊವ್ನಾ, ಹೊಸವರ್ಷಕ್ಕೂ ಬಾಗಿಲು ತಟ್ಟಿದವಳಲ್ಲ. "ರಿಮ್ಮಾ, ನೀನೇನೇ ಆ ಮರಿ? ಇಷ್ಟು ವರ್ಷ ಬಾಯೇ ಬಿಡಲಿಲ್ವಲ್ಲೇ!"

"ನೀನು ಕೇಳಿದ್ರೆ ತಾನೇ?"

ಹಿಂದೆಯೇ ಉಳಿದ ಮನೆಯವರೂ ಸೇರಿದರು. ಸ್ಟೂಲುಗಳು ಬಂದವು, ಚಹಾ ಬಂತು, ಹುರಿದ ಸೂರ್ಯಕಾಂತಿ ಬೀಜ ಬಂತು. "ಸುಮ್ನೆ ಯಾಕೆ ನಿಂತಿದ್ದೀಯ, ಏನಾದ್ರೂ ಹೇಳೇ!" ಎಂದು ಬಾಗಿಲ ಸಂದಿಯಿಂದ ಜೋಯಾ ಕೂಗಿದಳು.

ಮೆಕ್ಯಾನಿಕ್ ಬರುವವರೆಗೆ ತಾನೇ ಎಂದು ರಿಮ್ಮಾ ಶುರುಮಾಡಿದಳು. ರಾಣಿಯ ಪಾತ್ರ ಮಾಡಲೆಂದು ಊರು ಬಿಟ್ಟದ್ದು, ಪರೀಕ್ಷೆಯ ದಿನವೇ ನೆಗಡಿಯಾಗಿ ದನಿ ಕೀರಲಾದದ್ದು, ಮೇಕೆಮರಿಗೆ ಇದೇ ದನಿ ಎಂದು ನಿರ್ದೇಶಕ ಕುಣಿದಾಡಿದ್ದು, ನೆಗಡಿ ಹೋದರೂ ದನಿ ಹಾಗೇ ಉಳಿದದ್ದು. ಗಂಡ ಬಿಟ್ಟುಹೋಗುವಾಗ ಅವಳು ಬಿಕ್ಕಿಬಿಕ್ಕಿ ಅತ್ತರೆ ಅವನು ಪೆಟ್ಟಿಗೆ ಕೆಳಗಿಟ್ಟು ಹೊಟ್ಟೆ ಹಿಡಿದುಕೊಂಡು ನಕ್ಕದ್ದು.

ಆಚೆ ನಗೆಯೋ ನಗೆ. ಗೋಡೆಗಳ ಜೊತೆ ಮಾತಾಡಿ ಸಾಕಾದವಳಿಗೆ ಕಿವಿಗಳು ಸಿಕ್ಕಿದ್ದವು. ಹೊತ್ತು ಹೋದದ್ದೇ ತಿಳಿಯಲಿಲ್ಲ.

ಕೊನೆಗೆ ಲಿಫ್ಟು ಕುಲುಕಿ ಮೇಲೇರಿತು. ಬಾಗಿಲು ತೆರೆದರೆ, ಮೆಕ್ಯಾನಿಕ್ ಎಫೀಮ್ ಕಣ್ಣೊರೆಸಿಕೊಳ್ಳುತ್ತ ನಿಂತಿದ್ದ.

"ಈಗ ಬಂದೆಯೇನಪ್ಪಾ?"

"ಇಲ್ಲಮ್ಮಾ, ನಿಮಗೆ ನೆಗಡಿ ಆಗೋಕೆ ಮುಂಚೇನೇ ಬಂದೆ. 'ಶ್, ಕತೆ ಮುಗೀಲಿ' ಅಂತ ಇವರೆಲ್ಲ ಕೂರಿಸಿಬಿಟ್ರು."

ರಿಮ್ಮಾ ಕೈಗಡಿಯಾರ ನೋಡಿದಳು; ಮಧ್ಯಾಹ್ನ ದಾಟಿತ್ತು. ಆ ಕಿಟಕಿಯ ಬಳಿ ಆಗಲೇ ಇನ್ನೊಬ್ಬಳು ಕೂತಿರಬೇಕು. ಎಲ್ಲರನ್ನೂ ಬೈಯಬೇಕೆಂದು ಬಾಯಿ ತೆರೆದಳು. ಅಷ್ಟರಲ್ಲಿ ಚಪ್ಪಾಳೆ ಬಿತ್ತು. ಹಳೆಯ ಅಭ್ಯಾಸ, ಸೊಂಟ ತಾನಾಗಿಯೇ ಬಾಗಿ ವಂದಿಸಿತು.

ತಲೆ ಎತ್ತುವಷ್ಟರಲ್ಲಿ ಎಲ್ಲರ ಮನೆಬಾಗಿಲುಗಳೂ ಮುಚ್ಚಿದ್ದವು.