ಹಳೇ ಫೋನಿಗೆ ಆ್ಯಪ್ ಸ್ಟೋರ್ ಹಾಕುವ ಕಷ್ಟ

ಮಂಡಿ ಮೊಹಲ್ಲಾದಲ್ಲಿ ನನ್ನದೊಂದು ಮೊಬೈಲ್ ರಿಪೇರಿ ಅಂಗಡಿ. ಹಳೇ ಫೋನಿನಲ್ಲಿ ಆ್ಯಪ್ ಸ್ಟೋರ್ ಕೆಟ್ಟು ಕೂತರೆ, ಅದರ ಫೈಲನ್ನು ನನ್ನ ಕಂಪ್ಯೂಟರಿನಿಂದ ತೆಗೆದು ಕೈಯಾರೆ ಹಾಕಿಕೊಡುತ್ತೇನೆ. ಹತ್ತು ನಿಮಿಷದ ಕೆಲಸ. ಆದರೆ ಫೋನಿನ ಜೊತೆ ಅದರ ಯಜಮಾನರೂ ಬರುತ್ತಾರಲ್ಲ, ಹಾಗಾಗಿ ಹತ್ತು ನಿಮಿಷಕ್ಕೆ ಮುಗಿದದ್ದೇ ಇಲ್ಲ.

ಪರಿಚಯ

ಸಿದ್ಧಾರ್ಥನಗರದ ನಿವೃತ್ತ ಟೀಚರೊಬ್ಬರು ಬಂದಿದ್ದರು. ಫೈಲು ಹಾಕುವಾಗ, ಅಪರಿಚಿತ ಮೂಲದಿಂದ ಬಂದದ್ದನ್ನು ಒಳಗೆ ಬಿಡಲೇ ಎಂದು ಫೋನು ಕೇಳಿತು. ಟೀಚರು ಕನ್ನಡಕ ಏರಿಸಿ ಓದಿ, ಟಕ್ಕನೆ 'ಬೇಡ' ಒತ್ತಿಬಿಟ್ಟರು.

"ಅಮ್ಮಾ, ಅದು ನಾನೇ ಹಾಕ್ತಿರೋ ಫೈಲು."

"ನೀನು ನನಗೆ ಎಷ್ಟು ದಿನದಿಂದ ಪರಿಚಯ?"

"ಈಗ ಬಂದ್ರಲ್ಲ, ಕಾಲು ಗಂಟೆ ಆಯ್ತು."

"ಮತ್ತೆ? ಫೋನು ಸರಿಯಾಗೇ ಹೇಳ್ತಿದೆ ಕಣಪ್ಪ!"

ಜಾಗ ಇಲ್ಲ

ಇನ್ನೊಬ್ಬರು ಮದುವೆ ದಲ್ಲಾಳಿ. ಫೋನಿನ ತುಂಬ ಗಂಡು-ಹೆಣ್ಣುಗಳ ಫೋಟೋ. ಆ್ಯಪ್ ಸ್ಟೋರ್‌ಗೆ ಕಾಲಿಡಲೂ ಜಾಗವಿರಲಿಲ್ಲ. "ಸ್ವಲ್ಪ ಖಾಲಿ ಮಾಡ್ಬೇಕಲ್ಲ ಸ್ವಾಮಿ" ಅಂದೆ. ಪಕ್ಕದಲ್ಲೇ ಕೂತು ಒಂದೊಂದಾಗಿ ತೋರಿಸತೊಡಗಿದರು.

"ಈ ಹುಡುಗೀದು ಆಯ್ತು, ತೆಗೀರಿ. ಇವನದೂ ಆಯ್ತು, ತೆಗೀರಿ. ಇವನಿಗೆ ಅವಳಿ ಮಕ್ಕಳೇ ಆಗಿವೆ, ತೆಗೀರಿ, ತೆಗೀರಿ!"

ಸೂಟು ತೊಟ್ಟ ಒಬ್ಬನ ಫೋಟೋ ಬಂದಾಗ ನಾನೇ ಉತ್ಸಾಹದಿಂದ ಅಳಿಸಲು ಹೋದೆ. ಗಬಕ್ಕನೆ ಕೈ ಹಿಡಿದುಕೊಂಡರು.

"ಅದೊಂದು ಮುಟ್ಬೇಡಿ. ಎಂಟು ವರ್ಷದಿಂದ ಅಲ್ಲೇ ಇದೆ."

"ಯಾರು ಸ್ವಾಮಿ?"

"ನನ್ನ ಮಗ."

ಹುಟ್ಟಿದ ತಾರೀಖು

ಮೊನ್ನೆ ದಿನಸಿ ಅಂಗಡಿಯ ಯಜಮಾನರು ಹೆಂಡತಿಯ ಫೋನು ತಂದರು, ಜೊತೆಗೆ ಹೆಂಡತಿಯನ್ನೂ. ಸ್ಟೋರ್ ಹಾಕಿದ್ದಾಯಿತು. ಅದು ತೆರೆಯಬೇಕಾದರೆ ಹೊಸ ಅಕೌಂಟ್ ಮಾಡಬೇಕು.

"ಹುಟ್ಟಿದ ತಾರೀಖು ಹೇಳಿ ಅಮ್ಮ."

ಆಕೆ ಗಂಡನನ್ನು ಓರೆಗಣ್ಣಿನಲ್ಲಿ ನೋಡಿ, ಬಗ್ಗಿ ಮೆಲ್ಲಗೆ ಹೇಳಿದರು. ದಡ್ಡ ನಾನು, ಇಸವಿಯ ಸಮೇತ ಗಟ್ಟಿಯಾಗಿ ಉಚ್ಚರಿಸುತ್ತಾ ಟೈಪು ಮಾಡಿದೆ. ಯಜಮಾನರು ಬೆರಳು ಮಡಿಸಿ ಎಣಿಸಿದರು. ಮತ್ತೊಮ್ಮೆ ಎಣಿಸಿದರು.

"ಏನೇ ಇದು! ನೀನು ನನಗಿಂತ ಎರಡು ವರ್ಷಕ್ಕೆ ದೊಡ್ಡೋಳಾ? ಮೂವತ್ತೆಂಟು ವರ್ಷ ಸಂಸಾರ ಮಾಡಿದ್ದೀವಿ, ಒಂದಿನಾದ್ರೂ ಹೇಳಿದ್ಯಾ?"

ಆಕೆ ಸೆರಗು ಸರಿಮಾಡಿಕೊಂಡರು. "ನೀವು ಕೇಳ್ಲಿಲ್ಲ ಕಣ್ರೀ. ಫೋನು ಕೇಳ್ತು, ಹೇಳ್ದೆ."

ನನಗೆ ನಗುವಂತಿಲ್ಲ, ತಲೆ ಎತ್ತುವಂತಿಲ್ಲ. ಯಜಮಾನರು ಎದ್ದು ನಿಂತು, ಹೆಂಡತಿಗೆ ಭಕ್ತಿಯಿಂದ ಕೈ ಮುಗಿದರು.

"ನಡೀರಿ ಅಕ್ಕಾವ್ರೇ, ಮನೆಗೆ ಹೋಗೋಣ."