ಲೂಸಿಬಾಯಿಯ ಕರ್ಚೀಫು ಮತ್ತು ನನ್ನ ಬರಿಗಾಲಿನ ಯಾತ್ರೆ

ಧನ್ಯಾ, ಪ್ರಣವ, ಇಬ್ಬರೂ ಇಲ್ಲಿ ಕೇಳಿ. ಹೋದ ವರ್ಷದ ಪಾದಯಾತ್ರೆಯಲ್ಲಿ ಅಜ್ಜಿ ಏನು ಮಾಡಿದಳು ಎಂದು ನಿಮ್ಮಮ್ಮನನ್ನು ಕೇಳಿದರೆ ಅವಳಿಗೆ ನಗು ಬಂದು ಕಥೆ ಅರ್ಧಕ್ಕೇ ನಿಲ್ಲುತ್ತದೆ. ಉಳಿದರ್ಧವನ್ನು ನಮ್ಮ ಜಾವಳಿ ಊರಿನವರು ತಮಗೆ ಬೇಕಾದ ಹಾಗೆ ಸೇರಿಸಿ ಹೇಳುತ್ತಾರೆ. ಆದ್ದರಿಂದ ನಡೆದದ್ದನ್ನು ನಡೆದ ಹಾಗೆ ನಾನೇ ಬರೆದಿಡುತ್ತಿದ್ದೇನೆ. ನಾನು ಊರ ಶಾಲೆಯಲ್ಲಿ ಏಳನೇ ಕ್ಲಾಸಿನವರೆಗೆ ಓದಿದವಳು. ನಾಲ್ಕು ಜನರೆದುರು ಬಾಯಿ ಬಿಡಲು ನನಗೆ ಸಂಕೋಚ. ಬರೆಯುವಾಗ ಎದುರಿಗೆ ಯಾರೂ ಇರುವುದಿಲ್ಲವಲ್ಲ, ಅದೇ ಧೈರ್ಯ.

ನಮ್ಮ ಪಕ್ಕದ ಮನೆಯ ಲೂಸಿಬಾಯಿ ನಿಮಗೆ ಗೊತ್ತು. ಅವರ ಯಜಮಾನರು ಎಸ್ಟೇಟಿನಲ್ಲಿ ಲೆಕ್ಕ ಬರೆಯುವ ರೈಟರ್ ಆಗಿದ್ದವರು. ನಿಮ್ಮ ಅಜ್ಜ ತೀರಿಹೋದ ವರ್ಷ ದಿನಾ ಸಂಜೆ ಬಂದು ನನ್ನ ಜೊತೆ ಸುಮ್ಮನೆ ಕುಳಿತು ಹೋಗುತ್ತಿದ್ದವರು ಅವರೊಬ್ಬರೇ. ಅವರಿಗೆ ಮಂಡಿ ಆಪರೇಷನ್ ಎಂದು ನಿಗದಿಯಾಯಿತು. ಗುರುವಾರ, ಚಿಕ್ಕಮಗಳೂರಿನ ಆಸ್ಪತ್ರೆಯಲ್ಲಿ. ಹಾವು ಕಂಡರೆ ಕೋಲು ಹಿಡಿದು ಹೊರಡುವ ಹೆಂಗಸು, ಸೂಜಿ ಎಂದರೆ ನಡುಗುತ್ತಾರೆ! ಅದರ ಹಿಂದಿನ ಶನಿವಾರ ಅವರ ಚರ್ಚಿನವರದ್ದೊಂದು ಪಾದಯಾತ್ರೆ ಇತ್ತು. ಮೂರು ಹಳೆಯ ಚರ್ಚುಗಳನ್ನು ನಡೆದುಕೊಂಡೇ ನೋಡುವುದು. ಕೊನೆಯ ಚರ್ಚಿನಲ್ಲಿ ಸಂತರೊಬ್ಬರ ಮೂಳೆಯ ಚೂರನ್ನು, ಒಂದು ಅಕ್ಕಿಕಾಳಿನಷ್ಟು, ಚಿನ್ನದ ಬಣ್ಣದ ಪಾತ್ರೆಯಲ್ಲಿ ಗಾಜಿನ ಹಿಂದೆ ಇಟ್ಟಿದ್ದಾರಂತೆ.

ಲೂಸಿಬಾಯಿ ಒಂದು ಬಿಳಿ ಕರ್ಚೀಫನ್ನು ನನ್ನ ಕೈಗಿಟ್ಟರು.

"ಗಿರಿಜಕ್ಕ, ನನ್ನಿಂದ ನಡೆಯೋಕಾಗಲ್ಲ. ನೀವು ನನ್ನ ಬದಲಿಗೆ ಹೋಗಿ ಇದನ್ನ ಆ ಪಾತ್ರೆಗೆ ಮುಟ್ಟಿಸ್ಕೊಂಡು ಬನ್ನಿ. ಆಪರೇಷನ್ ಮುಗಿಯೋವರೆಗೂ ಕೈಯಲ್ಲಿ ಹಿಡ್ಕೊಂಡಿರ್ತೀನಿ. ಇಲ್ದಿದ್ರೆ ನಾನು ಆ ಟೇಬಲ್ ಹತ್ತೋದಿಲ್ಲ ಮಾರಾಯ್ರೆ, ಖಂಡಿತಾ ಹತ್ತೋದಿಲ್ಲ!"

"ನಂಗೆ ನಿಮ್ಮ ಕ್ರಮ ಎಲ್ಲ ಗೊತ್ತಿಲ್ವಲ್ಲ ಲೂಸಿಬಾಯಿ?"

"ಗೊತ್ತಿರಬೇಕಾದ್ದೇನಿದೆ? ನಿಮ್ಮ ಮುಂದಿನವರು ಏನು ಮಾಡ್ತಾರೋ ಅದನ್ನೇ ಮಾಡಿ. ಮುಗೀತು!"

ಅಷ್ಟೇ ತಾನೆ? ಕಳಸದ ದೇವಸ್ಥಾನಕ್ಕೆ ಎಷ್ಟೋ ಸಲ ನಡೆದು ಹೋದವಳು ನಾನು. ಯಾವ ದೇವರ ಮನೆಗೆ ಹೇಗೆ ಹೋಗಬೇಕೆಂದು ನನಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಹಾಗೆಂದು ತಿಳಿದಿದ್ದೆ!

ಶನಿವಾರ ಬೆಳಿಗ್ಗೆ ಎಸ್ಟೇಟ್ ಒಳಗಿನ ಪುಟ್ಟ ಚರ್ಚಿನ ಎದುರು ಮೂವತ್ತು ನಲವತ್ತು ಜನ ಸೇರಿದ್ದರು. ಅರ್ಧಕ್ಕರ್ಧ ಚಿಕ್ಕಮಗಳೂರು ಪೇಟೆಯವರು. ಪ್ರಾಯಶ್ಚಿತ್ತದ ಯಾತ್ರೆ ಎಂದು ಕೇಳಿದ್ದೆ. ಇವರ ಚೀಲಗಳಲ್ಲಿ ಚಕ್ಕುಲಿ, ಕೇಕು, ಮೂರು ಬಗೆಯ ಜ್ಯೂಸು ಇದ್ದವು. ದಾರಿ ತೋರಿಸುವವರು ನಿವೃತ್ತ ಮೇಷ್ಟ್ರು ಲಾರೆನ್ಸ್. ಕೈಯಲ್ಲಿ ಕೆಂಪು ಕೊಡೆ, ಕುತ್ತಿಗೆಯಲ್ಲಿ ಸೀಟಿ, ಬಾಯಿಯ ಹತ್ತಿರ ಮೈಕು. ಲಾರೆನ್ಸ್ ಮಾಸ್ಟ್ರಿಗೆ ಗೊತ್ತಿಲ್ಲದ ವಿಷಯ ಈ ಜಿಲ್ಲೆಯಲ್ಲಿ ಇರಲಿಲ್ಲ. ಇದ್ದರೂ ಅವರು ಅದನ್ನು ಒಪ್ಪುತ್ತಿರಲಿಲ್ಲ. ಗೋಡೆಯಲ್ಲಿ ಬಿರುಕು ಕಂಡರೆ ಅದಕ್ಕೊಂದು ಇತಿಹಾಸ, ಬಾಗಿಲು ಕಿರುಗುಟ್ಟಿದರೆ ಅದಕ್ಕೊಂದು ಇತಿಹಾಸ!

ಎಲ್ಲರಿಗಿಂತ ಹಿಂದೆ ನಿಂತೆ. ಮುಂದಿನವರನ್ನು ನೋಡಿ ಮಾಡಬೇಕಲ್ಲ. ಆದರೆ ಮೆಟ್ಟಿಲು ಬಂದ ಕೂಡಲೇ ಕಾಲು ತನ್ನಷ್ಟಕ್ಕೆ ಚಪ್ಪಲಿ ಕಳಚಿಬಿಟ್ಟಿತು. ದೇವರ ಬಾಗಿಲಲ್ಲಿ ಚಪ್ಪಲಿ ಬಿಡುವುದನ್ನು ಯಾರನ್ನಾದರೂ ನೋಡಿ ಕಲಿಯಬೇಕೆ? ಒಳಗೆ ಹೋಗಿ ನೋಡುತ್ತೇನೆ, ಎಲ್ಲರ ಕಾಲಲ್ಲೂ ಬೂಟು. ಇರಲಿ ಎಂದು ಕೂತೆ. ಪ್ರಾರ್ಥನೆ ಮುಗಿಯಿತು. ಮಾಸ್ಟ್ರು ಸೀಟಿ ಊದಿ, ಬಂದ ಬಾಗಿಲಿಂದ ಹೋಗದೆ ಪಕ್ಕದ ಬಾಗಿಲಿನಿಂದ ಎಲ್ಲರನ್ನೂ ತೋಟದ ದಾರಿಗೆ ಹೊರಡಿಸಿಬಿಟ್ಟರು.

ನನ್ನ ಚಪ್ಪಲಿ ಮುಂಬಾಗಿಲಲ್ಲಿ!

"ಸ್ವಲ್ಪ ನಿಲ್ಲಿ, ಚಪ್ಪಲಿ ತರ್ತೀನಿ" ಎಂದರೆ ಮುಗಿಯುತ್ತಿತ್ತು. ಆರೇ ಆರು ಸೆಕೆಂಡಿನ ಮಾತು. ಆದರೆ ಅಷ್ಟು ಜನರನ್ನು ನಾನೊಬ್ಬಳು ನಿಲ್ಲಿಸುವುದೆ? ನಾಲಿಗೆ ಏಳಲಿಲ್ಲ. ಬರಿಗಾಲಲ್ಲೇ ಹೊರಟೆ. ಹೂಮಳೆ ಬಿದ್ದು ವಾರವಾಗಿತ್ತು, ಕಾಫಿ ಹೂವು ಬೆಳ್ಳಗೆ ಅರಳಿ ತೋಟವೆಲ್ಲ ಘಮ್ಮೆನ್ನುತ್ತಿತ್ತು ಎಂದು ಉಳಿದವರು ಆಮೇಲೆ ಹೇಳಿದರು. ನಾನು ನೋಡಿದ್ದು ಬರೀ ಜಲ್ಲಿಕಲ್ಲು.

ಅರ್ಧ ಮೈಲಿ ಹೋಗುವಷ್ಟರಲ್ಲಿ ಪೇಟೆಯ ಸೆಲೀನ್ ಬಾಯಿ ಎನ್ನುವವರ ಕಣ್ಣು ನನ್ನ ಕಾಲಿನ ಮೇಲೆ ಬಿತ್ತು.

"ಅಯ್ಯೋ ಅಮ್ಮ! ಬರಿಗಾಲು! ಹರಕೆಯಾ?"

ನಾನು "ಅಲ್ಲ" ಎನ್ನಲು ಬಾಯಿ ತೆರೆದೆ. ಸರಿಯಾಗಿ ಆಗಲೇ ಒಂದು ಕಲ್ಲು ಹಿಮ್ಮಡಿಗೆ ಚುಚ್ಚಿ ಬಾಯಿಂದ "ದೇವರೇ!" ಎಂದು ಬಂತು.

ಅಷ್ಟು ಸಾಕಾಯಿತು. "ನೋಡಿ, ನೋಡಿ, ಎಂಥಾ ಭಕ್ತಿ!" ಎಂದು ಸೆಲೀನ್ ಬಾಯಿ ತಮ್ಮ ಬೂಟು ಬಿಚ್ಚಿ ಚೀಲಕ್ಕೆ ಹಾಕಿದರು. ಅವರನ್ನು ನೋಡಿ ಇನ್ನಿಬ್ಬರು. ಆ ಇಬ್ಬರನ್ನು ನೋಡಿ ಹತ್ತು ಜನ! ಮಾಸ್ಟ್ರು ತಿರುಗಿ ನೋಡಿದರು. ತಮಗೆ ತಿಳಿಯದ ಸಂಗತಿಯೊಂದು ಯಾತ್ರೆಯಲ್ಲಿ ನಡೆಯುವುದೆಂದರೇನು? ಕೂಡಲೇ ಮೈಕಿನಲ್ಲಿ ಘೋಷಣೆಯಾಯಿತು: "ಇಲ್ಲಿಂದ ಎರಡನೇ ಚರ್ಚಿನವರೆಗೆ ಬರಿಗಾಲಿನಲ್ಲಿ ನಡೆಯುವುದು ನಮ್ಮ ಹಿರಿಯರ ಕಾಲದ ಪದ್ಧತಿ. ಶಕ್ತಿ ಇದ್ದವರು ಪಾಲಿಸಬಹುದು. ಆ ಹಿರಿಯ ಅಮ್ಮನವರು ದಯವಿಟ್ಟು ಮುಂದೆ ಬರಬೇಕು!"

ಮುಂದೆ! ಮಕ್ಕಳೇ, ನನ್ನ ಸಂಕಟ ನಿಮಗೆ ಅರ್ಥವಾಯಿತೇ? ಮುಂದಿನವರನ್ನು ನೋಡಿ ಮಾಡಬೇಕಾದವಳನ್ನು ಎಲ್ಲರಿಗಿಂತ ಮುಂದೆ ನಿಲ್ಲಿಸಿಬಿಟ್ಟರು. ಈಗ ನನ್ನ ಮುಂದೆ ಇದ್ದದ್ದು ಲಾರೆನ್ಸ್ ಮಾಸ್ಟ್ರ ಕೊಡೆ ಮಾತ್ರ. ಕೊಡೆ ಪೂಜೆ ಮಾಡುವುದಿಲ್ಲ.

ಎರಡನೇ ಚರ್ಚು ಕಲ್ಲಿನದು. ಬಾಗಿಲ ಪಕ್ಕದ ಕಲ್ಲಿನ ಬಟ್ಟಲಲ್ಲಿ ನೀರು. ಮಾಸ್ಟ್ರು ಜನರ ಕಡೆ ಮುಖ ಮಾಡಿ ಇತಿಹಾಸ ಹೇಳುತ್ತಾ ನಿಂತಿದ್ದರು. ಒಳಗೆ ಹೋಗುವ ಮೊದಲಿಗಳು ನಾನೇ. ದೇವರ ಬಾಗಿಲಲ್ಲಿ ನೀರಿದ್ದರೆ ಅದು ತೀರ್ಥವಲ್ಲದೆ ಮತ್ತೇನು? ಸೆರಗು ಹೊದ್ದು, ಬಲಗೈಯನ್ನು ಗುಳಿ ಮಾಡಿ, ಬಟ್ಟಲಿನಿಂದ ತುಂಬಿಕೊಂಡು ಸುರ್ ಎಂದು ಕುಡಿದು, ಕೈ ತಲೆಗೆ ಒರೆಸಿಕೊಂಡೆ. ಬಿಸಿಲಲ್ಲಿ ನಡೆದು ಬಾಯಾರಿತ್ತು. ಇನ್ನೊಂದು ಸಲವೂ ತೆಗೆದುಕೊಂಡೆ.

ಹಿಂದೆ ಗದ್ದಲವೆಲ್ಲ ಒಮ್ಮೆಗೇ ನಿಂತಿತು. ತಿರುಗಿ ನೋಡಿದರೆ ಸೆಲೀನ್ ಬಾಯಿ ಎರಡು ಬೆರಳು ಮಾತ್ರ ಅದ್ದಿ, ಹಣೆ ಎದೆ ಭುಜ ಮುಟ್ಟಿಕೊಳ್ಳಲು ಕೈ ಎತ್ತಿದವರು ಹಾಗೇ ನಿಂತಿದ್ದರು. ಅದು ಕುಡಿಯುವ ನೀರಲ್ಲ! ನನಗೆ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು.

"ಮಾಸ್ಟ್ರೇ, ಇದು..." ಎಂದರು ಸೆಲೀನ್ ಬಾಯಿ.

ಮಾಸ್ಟ್ರು ಮೈಕಿನಲ್ಲಿ ಎರಡು ಸಲ ಕೆಮ್ಮಿದರು. "ಬಹಳ ಹಿಂದೆ," ಎಂದರು, "ಹೀಗೂ ಇತ್ತು."

ಆ ಮಹಾನುಭಾವರು "ಇಲ್ಲ" ಎಂದಿದ್ದರೆ ನನ್ನ ಬಣ್ಣ ಅಲ್ಲೇ ಬಯಲಾಗಿ, ನಾನು ಹಿಂದಿನ ಸಾಲಿಗೆ ಹೋಗಿ, ಮುಂದಿನ ಅನಾಹುತ ತಪ್ಪುತ್ತಿತ್ತು.

ಮೂರನೇ ಚರ್ಚು ಮುಟ್ಟುವಾಗ ಮಧ್ಯಾಹ್ನವಾಗಿತ್ತು. ದೊಡ್ಡ ಹಳೇ ಚರ್ಚು. ಮಾಸ್ಟ್ರು ನಮ್ಮ ಕಡೆ ಮುಖ ಮಾಡಿ, "ಸಂತರ ಅವಶೇಷ ಎಡಗಡೆಯ ಕೋಣೆಯಲ್ಲಿದೆ. ಬೀಗ ತೆಗೆಸಿ ಬರ್ತೀನಿ. ಸಾಲಾಗಿ ನಿಲ್ಲಿ" ಎಂದು ಹೇಳಿ, ಬೀಗದಕೈ ಇಟ್ಟುಕೊಂಡಿದ್ದ ಪಾಸ್ಕಲ್ ಎನ್ನುವವರನ್ನು ಹುಡುಕಿಕೊಂಡು ಹೋದರು.

ನಮ್ಮ ಎದುರು ನಿಂತವರ ಎಡ ನಮಗೆ ಬಲ. ಇದು ನನಗೆ ಈಗ ಗೊತ್ತು. ಆಗ ನಾನು ನನ್ನ ಎಡಕ್ಕೆ ತಿರುಗಿದೆ. ಸಾಲು ನನ್ನ ಹಿಂದೆ ತಿರುಗಿತು. ಅಲ್ಲೊಂದು ಕೋಣೆ, ಬಾಗಿಲು ತೆರೆದೇ ಇತ್ತು. ಒಳಗೆ ಮೇಜು, ಮೇಜಿನ ಮೇಲೆ ಕಸೂತಿ ಹಾಕಿದ ಬಿಳಿ ಬಟ್ಟೆ, ಅಕ್ಕಪಕ್ಕ ಹೂದಾನಿ. ಮಧ್ಯೆ ಗಾಜಿನ ಪೆಟ್ಟಿಗೆ. ಪೆಟ್ಟಿಗೆಯೊಳಗೆ ಚಿನ್ನದ ಬಣ್ಣದ ಪಾತ್ರೆ! ಎರಡೂ ಕಡೆ ಹಿಡಿ. ಮೇಲೆ ಒಂದು ಪುಟ್ಟ ಬಂಗಾರದ ಮನುಷ್ಯ, ಎರಡೂ ಕೈಗಳನ್ನು ಆಕಾಶಕ್ಕೆ ಎತ್ತಿ, ತಲೆ ಹಿಂದಕ್ಕೆ ಬಾಗಿಸಿ ನಿಂತಿದ್ದಾನೆ. ಕೆಳಗೆ ಇಂಗ್ಲಿಷಿನಲ್ಲಿ ಎರಡು ಸಾಲು. ಸಂತರ ಹೆಸರಿರಬೇಕು ಅಂದುಕೊಂಡೆ.

ಲೂಸಿಬಾಯಿಯ ಮಂಡಿ ಕಣ್ಣೆದುರು ಬಂತು. ಗಾಜಿನ ಬಾಗಿಲು ಸರಿಸಿ ಕರ್ಚೀಫನ್ನು ಪಾತ್ರೆಗೆ ಒತ್ತಿ ಹಿಡಿದೆ. "ಸ್ವಾಮಿ, ನಿಮ್ಮ ಪರಿಚಯ ನನಗಿಲ್ಲ. ಆದರೆ ಲೂಸಿಬಾಯಿ ನಿಮ್ಮವರು. ಅವರ ಕಾಲು ಸರಿಮಾಡಿ" ಎಂದು ಮನಸ್ಸಿನಲ್ಲೇ ಬೇಡಿಕೊಂಡೆ. ಕಣ್ಣಲ್ಲಿ ನೀರು ಬಂತು. ನನ್ನ ಕಣ್ಣೀರು ನೋಡಿ ಸೆಲೀನ್ ಬಾಯಿಗೂ ಬಂತು. ಅವರು ಜಪಮಾಲೆ ಮುಟ್ಟಿಸಿದರು. ಅವರ ಹಿಂದಿನವರು ಮಗನ ಫೋಟೋ ಮುಟ್ಟಿಸಿದರು. ಒಬ್ಬರು ಸೊಂಟನೋವಿಗೆ ಕಟ್ಟುವ ಬೆಲ್ಟನ್ನೇ ಬಿಚ್ಚಿ ಮುಟ್ಟಿಸಿದರು! ಯಾರೋ ಫೋಟೋ ತೆಗೆದು ಮೊಬೈಲಿನಲ್ಲಿ ಎಲ್ಲರಿಗೂ ಕಳಿಸಿದರು.

ಅಷ್ಟರಲ್ಲಿ ಬೀಗದಕೈ ಗೊಂಚಲು ಅಲ್ಲಾಡಿಸುತ್ತಾ ಪಾಸ್ಕಲ್ ಬಂದರು.

"ಇಲ್ಲೇನು ಮಾಡ್ತಿದ್ದೀರಿ ಎಲ್ಲ? ಅದು ನಮ್ಮ ಹುಡುಗರು ವಾಲಿಬಾಲಲ್ಲಿ ಗೆದ್ದ ಕಪ್ಪಲ್ವಾ!"

ಸೆಲೀನ್ ಬಾಯಿ ಕನ್ನಡಕ ಹಾಕಿಕೊಂಡು ಬಗ್ಗಿ ಆ ಎರಡು ಸಾಲು ಓದಿದರು.

"ಗೆದ್ದದ್ದೂ ಅಲ್ಲ," ಎಂದರು. "ಎರಡನೇ ಸ್ಥಾನ."

ಎಲ್ಲರೂ ಲಾರೆನ್ಸ್ ಮಾಸ್ಟ್ರನ್ನು ನೋಡಿದರು. ಅವರು ಮೈಕು ಬಾಯಿಯ ಹತ್ತಿರ ತಂದರು. ಮತ್ತೆ ಕೆಳಗಿಳಿಸಿದರು. ಆ ದಿನ ಇತಿಹಾಸ ಸೋತದ್ದು ಅದೊಂದೇ ಸಲ.

ನಿಜವಾದ ಅವಶೇಷ ಎದುರಿನ ಕೋಣೆಯಲ್ಲಿತ್ತು. ಎಲ್ಲರೂ ಮತ್ತೆ ಸಾಲು ನಿಂತರು. ನಾನು? ನಾನು ಗಂಟೆಗೋಪುರದ ಹಿಂದೆ ಹೋಗಿ ಗೋಡೆಗೆ ಮುಖ ಮಾಡಿ ಕೂತಿದ್ದೆ. ಎದ್ದು ಹೋಗೋಣ, ಈಗ ಹೋಗೋಣ ಎಂದುಕೊಳ್ಳುತ್ತಲೇ ಇದ್ದೆ. ಧೈರ್ಯ ಬಂದು ಎದ್ದಾಗ ಪಾಸ್ಕಲ್ ಬೀಗ ಹಾಕಿ ಊಟಕ್ಕೆ ಹೋಗಿದ್ದರು. ವಾಪಸು ಕರೆದೊಯ್ಯುವ ಬಸ್ಸು ಹಾರ್ನ್ ಹೊಡೆಯುತ್ತಿತ್ತು. ಪಾಸ್ಕಲರನ್ನು ಕರೆಸಿ ಎಂದು ಕೇಳಬಹುದಿತ್ತು. ಕೇಳಲಿಲ್ಲ. ಬಸ್ಸು ಹತ್ತಿದೆ.

ಮನೆಗೆ ಬಂದರೆ ಲೂಸಿಬಾಯಿ ಗೇಟಿನಲ್ಲೇ ಕೋಲೂರಿ ಕಾಯುತ್ತಿದ್ದರು. ಕರ್ಚೀಫನ್ನು ಕಣ್ಣಿಗೊತ್ತಿಕೊಂಡರು.

"ಮುಟ್ಟಿಸಿದ್ರಾ ಗಿರಿಜಕ್ಕ?"

"ಮುಟ್ಟಿಸಿದೆ."

"ಪಾತ್ರೆ ಹೇಗಿತ್ತು?"

"ಚಿನ್ನದ ಬಣ್ಣ."

ಒಂದೂ ಸುಳ್ಳಲ್ಲ! ಹೀಗಿದ್ದೂ ಊಟದ ತಟ್ಟೆ ಬಿಟ್ಟು ಎದ್ದೆ. ನಿಮ್ಮಮ್ಮನಿಗೆ ಹೇಳಿದೆ. ಅವಳು ನಕ್ಕು ಸಾಕಾಗಿ ಕಣ್ಣೊರೆಸಿಕೊಂಡು, "ಅತ್ತೆ, ಅವ್ರಿಗೆ ಹೇಳ್ಬೇಡಿ. ಅವ್ರಿಗೆ ಬೇಕಾದ್ದು ಧೈರ್ಯ. ಅದು ಬಂದಿದೆಯಲ್ಲ" ಎಂದಳು. ಬುದ್ಧಿವಂತೆ. ಅವಳ ಮಾತು ಕೇಳಬೇಕಿತ್ತು.

ಭಾನುವಾರ ಹೇಳಲು ಹೋದೆ, ಅವರ ಮನೆಯಲ್ಲಿ ನೆಂಟರು. ಸೋಮವಾರ ಹೋದೆ, ನಾಚಿಕೆಯಾಗಿ ನಿಂಬೆಹಣ್ಣು ಕೇಳಿ ತೆಗೆದುಕೊಂಡು ಬಂದೆ. ಮಂಗಳವಾರ ಮತ್ತೆ ನಿಂಬೆಹಣ್ಣು. ಬುಧವಾರ ಅವರು ಆಸ್ಪತ್ರೆ ಸೇರಿದರು. ಗುರುವಾರ ಬೆಳಿಗ್ಗೆ ನಾನು ಚಿಕ್ಕಮಗಳೂರಿಗೆ ಬಸ್ಸು ಹತ್ತಿದೆ.

ವಾರ್ಡಿಗೆ ಹೋದಾಗ ಅವರನ್ನು ಗಾಲಿಮಂಚದ ಮೇಲೆ ಮಲಗಿಸಿ ಹಸಿರು ಬಟ್ಟೆ ಹೊದಿಸಿದ್ದರು. ಮುಖ ಶಾಂತವಾಗಿತ್ತು. ಮುಷ್ಟಿಯಲ್ಲಿ ಕರ್ಚೀಫು. ಅದನ್ನು ನೋಡಿದ್ದೇ ತಡ, ಐದು ದಿನ ಏಳದ ನಾಲಿಗೆ ಒಮ್ಮೆಗೇ ಎದ್ದಿತು.

"ಲೂಸಿಬಾಯಿ, ತಪ್ಪಾಯ್ತು! ನಾನು ಅದನ್ನ ಸಂತರಿಗೆ ಮುಟ್ಟಿಸಲಿಲ್ಲ. ವಾಲಿಬಾಲ್ ಕಪ್ಪಿಗೆ ಮುಟ್ಟಿಸಿದೆ!"

ಲೂಸಿಬಾಯಿ ನನ್ನನ್ನು ನೋಡಿದರು. ಕರ್ಚೀಫು ನೋಡಿದರು. ಮತ್ತೆ ನನ್ನನ್ನು ನೋಡಿದರು.

"ಗಿರಿಜಕ್ಕ," ಎಂದರು, "ಇದನ್ನ ನಾಳೆ ಹೇಳ್ಬಹುದಿತ್ತಲ್ಲ!"

ಆಮೇಲೆ ಎದ್ದು ಕೂತರು. ಮಂಚದಿಂದ ಕಾಲು ಇಳಿಸಿದರು. ನರ್ಸು ಓಡಿ ಬಂದು ಬಿಪಿ ನೋಡಿದರೆ ಅದು ಮುಳ್ಳಯ್ಯನಗಿರಿ ಹತ್ತಿ ಕೂತಿತ್ತು. ಡಾಕ್ಟರು ಬಂದು ಆಪರೇಷನ್ ಒಂದು ವಾರ ಮುಂದಕ್ಕೆ ಹಾಕಿದರು. "ಯಾರು ಏನು ಹೇಳಿದ್ರು ಇವ್ರಿಗೆ?" ಎಂದು ಗದರಿದರು. ವಾರ್ಡಿನ ಹತ್ತು ಮಂಚಗಳಿಂದ ಹತ್ತು ಬೆರಳು ನನ್ನ ಕಡೆ ತಿರುಗಿದವು.

ಮೂರು ದಿನ ಲೂಸಿಬಾಯಿ ನನ್ನೊಡನೆ ಮಾತಾಡಲಿಲ್ಲ. ಆ ಮೂರು ದಿನ ಸಂಜೆ ನಮ್ಮ ಜಗಲಿ ಎಷ್ಟು ಉದ್ದ ಕಂಡಿತೆಂದು ನಿಮಗೆ ಹೇಳಲಾರೆ. ನಾಲ್ಕನೇ ದಿನ ಬೇಲಿಯ ಮೇಲಿಂದ ಕರ್ಚೀಫು ಹಾರಿ ಬಂದು ನನ್ನ ಅಂಗಳದಲ್ಲಿ ಬಿತ್ತು.

"ಈ ಸಲ ಬಲಗಡೆ!" ಎಂದು ಆಚೆಯಿಂದ ದನಿ ಬಂತು. ಎಡಬಲದ ಕಥೆ ಅಷ್ಟರಲ್ಲಿ ಅವರ ಕಿವಿಗೂ ಬಿದ್ದಿತ್ತು.

ಹೋದೆ. ಒಬ್ಬಳೇ, ಜೀಪಿನಲ್ಲಿ. ಪಾಸ್ಕಲರ ಮನೆ ಬಾಗಿಲು ತಟ್ಟಿ, ಜೀವನದಲ್ಲಿ ಮೊದಲ ಸಲ ಪರಿಚಯವಿಲ್ಲದ ಗಂಡಸಿನ ಹತ್ತಿರ ಗಟ್ಟಿಯಾಗಿ ಮಾತಾಡಿದೆ: "ಬೀಗ ತೆಗೀರಿ. ಸಂತರನ್ನ ತೋರಿಸಿ. ಕೈ ಹಿಡಿದು ತೋರಿಸಿ!" ಅವರು ತೋರಿಸಿದರು. ಕರ್ಚೀಫು ಮುಟ್ಟಿಸಿದೆ. ಸರಿಯಾದ ಪಾತ್ರೆ ಎಷ್ಟು ಚಿಕ್ಕದೆಂದರೆ, ನಮ್ಮ ಕುಂಕುಮದ ಭರಣಿಯೇ ಅದಕ್ಕಿಂತ ದೊಡ್ಡದು.

ಮುಂದಿನ ಗುರುವಾರ ಹೆಮ್ಮೆಯಿಂದ ಕರ್ಚೀಫು ಹಿಡಿದು ಆಸ್ಪತ್ರೆಗೆ ಹೋದೆ. ವಾರ್ಡಿನ ಬಾಗಿಲಲ್ಲಿ ಅದೇ ನರ್ಸು ಅಡ್ಡ ಬಂದಳು. ಬಾಗಿಲಿಗೆ ಒಂದು ಚೀಟಿ ಅಂಟಿಸಿದ್ದರು. ಕನ್ನಡದಲ್ಲೇ ಇತ್ತು, ಓದಲು ಯಾರ ಸಹಾಯವೂ ಬೇಕಾಗಲಿಲ್ಲ: "ಆಪರೇಷನ್ ಮುಗಿಯುವ ತನಕ ಗಿರಿಜಮ್ಮನವರನ್ನು ಒಳಗೆ ಬಿಡಬಾರದು." ಕೆಳಗೆ ಡಾಕ್ಟರ ಸಹಿ. ಅದರ ಕೆಳಗೆ ಲೂಸಿಬಾಯಿಯ ಸಹಿ! ಕರ್ಚೀಫನ್ನು ನರ್ಸಿನ ಕೈಗೆ ಕೊಟ್ಟು, ಇಡೀ ಬೆಳಿಗ್ಗೆ ಹೊರಗಿನ ಬೆಂಚಿನ ಮೇಲೆ ಬಾಯಿ ಮುಚ್ಚಿಕೊಂಡು ಕೂತೆ. ಆ ಆಪರೇಷನ್ನಿಗೆ ನಾನು ಮಾಡಿದ ಸರಿಯಾದ ಸಹಾಯ ಅದೊಂದೇ.

ಲೂಸಿಬಾಯಿ ಈಗ ನನಗಿಂತ ಜೋರಾಗಿ ನಡೆಯುತ್ತಾರೆ. ಈ ಹಾಳೆಗಳನ್ನು ಜೋಪಾನವಾಗಿಡಿ ಮಕ್ಕಳೇ, ಗೆದ್ದಲು ಹಿಡಿಯದ ಕಡೆ. ಮುಂದೆ ನಿಮ್ಮನ್ನು ಯಾರಾದರೂ ಸಾಲಿನ ಮುಂದೆ ನಿಲ್ಲಿಸಿ ಹೊಗಳಿದರೆ ಒಮ್ಮೆ ತೆಗೆದು ಓದಿ. ಲೂಸಿಬಾಯಿ ಕೇಳಿದರೆ ಮಾತ್ರ, ಅಜ್ಜಿ ನಿಂಬೆಹಣ್ಣಿನ ಉಪ್ಪಿನಕಾಯಿ ಮಾಡುವ ಕ್ರಮ ಬರೆದಿದ್ದಾಳೆ ಎನ್ನಿ. ಅವರು ನಂಬುವುದಿಲ್ಲ. ನನ್ನ ಉಪ್ಪಿನಕಾಯಿ ಅವರು ತಿಂದಿದ್ದಾರೆ.